ಗೋಡೆ ಒಡೆದವರು ನಾವೇ

ಪತ್ರಿಕೆಯವರು ಸುದ್ದಿಗೆ ಕೊಡುವ ದುಡ್ಡಲ್ಲಿ ಸಂಸಾರ ನಡೆಯೋದಿಲ್ಲ. ಹಾಗಾಗಿ ನಾವು ಗಂಡ ಹೆಂಡತಿ ತಾಲ್ಲೂಕು ಕಚೇರಿ ಎದುರು ಮಳಿಗೆ ಬಾಡಿಗೆಗೆ ಹಿಡಿದು ಜೆರಾಕ್ಸ್ ಅಂಗಡಿ ಇಟ್ಟೆವು. ಹಿಂದೊಂದು ಕತ್ತಲೆ ಕೋಣೆ ಇತ್ತು. ನಡುವಿನ ಗೋಡೆ ತೆಗೆದರೆ ಇನ್ನೊಂದು ಮೆಷಿನ್ ಇಡಬಹುದಿತ್ತು.

ಮಾಲೀಕರು ಹಿರಿಯರು. ಕೇಳಿದ್ದಕ್ಕೆ 'ಮಾಡ್ಕೊಳ್ರಪ್ಪ, ಕಟ್ಟಡಕ್ಕೆ ಪೆಟ್ಟಾಗಬಾರದು ಅಷ್ಟೇ' ಅಂದರು. ಬರೆದುಕೊಡಿ ಅನ್ನಲು ಸಂಕೋಚ. ಎರಡು ತಿಂಗಳಲ್ಲಿ ಅವರು ತೀರಿಕೊಂಡರು. ನಾವು ದುಡ್ಡು ಹೊಂದಿಸಿ ಮೇಸ್ತ್ರಿ ಕರೆಸುವ ಹೊತ್ತಿಗೆ ಬಾಡಿಗೆ ಮಗನ ಕೈಗೆ ಹೋಗುತ್ತಿತ್ತು. ಆದರೆ ಮಗನಿಗೆ ಹೇಳಲಿಲ್ಲ. ಅಪ್ಪ ಒಪ್ಪಿದ್ದಾರಲ್ಲ ಅಂದುಕೊಂಡೆವು.

ಅರ್ಧ ಗೋಡೆ ಬಿದ್ದಿತ್ತು. ಕೋರ್ಟಿನಿಂದ ಅಮೀನರು ಬಂದರು. ತಾತ್ಕಾಲಿಕ ತಡೆಯಾಜ್ಞೆ. ನಮ್ಮ ಕಡೆ ಮಾತಲ್ಲಿ ಸ್ಟೇ.

ವಾರವಾರ ಕೋರ್ಟ್ ಸುದ್ದಿ ಕಳಿಸುವ ಮನೆ ನಮ್ಮದು. ಆದರೂ ಸ್ಟೇ ಅಂದರೇನು ಅಂತ ವಕೀಲರ ಮುಂದೆ ಕೂತಾಗಲೇ ಸರಿಯಾಗಿ ತಿಳಿದದ್ದು. 1882ರ ಆಸ್ತಿ ವರ್ಗಾವಣೆ ಕಾಯ್ದೆಯ 108ನೇ ಕಲಂ ಪ್ರಕಾರ, ಕರಾರಿನಲ್ಲಿ ಬೇರೆ ಮಾತಿಲ್ಲದಿದ್ದರೆ ಬಾಡಿಗೆದಾರ ಮಾಲೀಕರ ಕಟ್ಟಡ ಕೆಡವುವಂತಿಲ್ಲ. ತಡೆ ಕೊಡುವ ಮುಂಚೆ ಕೋರ್ಟು ಮೂರು ವಿಷಯ ನೋಡುತ್ತದೆ: ಮೇಲ್ನೋಟಕ್ಕೆ ಕೇಸಿನಲ್ಲಿ ಹುರುಳಿದೆಯೇ, ತಡೆದರೆ ಯಾರಿಗೆ ಹೆಚ್ಚು ತೊಂದರೆ, ತಡೆಯದಿದ್ದರೆ ದುಡ್ಡಲ್ಲಿ ತುಂಬಲಾಗದ ನಷ್ಟ ಆಗುತ್ತದೆಯೇ. ನಮ್ಮ ನಷ್ಟ ರೂಪಾಯಿ ಲೆಕ್ಕಕ್ಕೆ ಸಿಗುತ್ತಿತ್ತು. ಗೋಡೆಯದ್ದು ಸಿಗುತ್ತಿರಲಿಲ್ಲ.

ಒಂದು ಸಮಾಧಾನ. ಈ ತಡೆ ಕೆಲಸಕ್ಕೆ ಮಾತ್ರ, ಅಂಗಡಿಗಲ್ಲ. ಸ್ಟೇ ತೋರಿಸಿ ಬೀಗ ಹಾಕುವಂತಿಲ್ಲ. ಖಾಲಿ ಮಾಡಿಸಬೇಕಾದರೆ ಅದಕ್ಕೇ ಬೇರೆ ಆದೇಶ ಬೇಕು.

ಮೇಸ್ತ್ರಿ ಮೆಲ್ಲಗೆ ಹೇಳಿದ: 'ಅಣ್ಣ, ರಾತ್ರಿ ಎರಡು ಗಂಟೆ ಕೆಲಸ. ಬೆಳಗಾದ್ರೆ ಯಾರಿಗ್ ಗೊತ್ತಾಗುತ್ತೆ?' ಮನಸ್ಸು ಹೂಂ ಅಂದಿತ್ತು, ಸುಳ್ಳು ಯಾಕೆ ಹೇಳಬೇಕು. ವಕೀಲರಿಗೆ ಫೋನ್ ಮಾಡಿದೆವು. ಆದೇಶ ಮೀರಿದರೆ ಆಸ್ತಿ ಜಪ್ತಿ ಆಗಬಹುದು, 3 ತಿಂಗಳವರೆಗೆ ಸಿವಿಲ್ ಜೈಲೂ ಆಗಬಹುದು ಅಂದರು. ಮೇಸ್ತ್ರಿಯನ್ನು ಕಳಿಸಿಬಿಟ್ಟೆವು. ಆ ವಾರವೇ ಕೋರ್ಟ್ ಕಮಿಷನರ್ ಬಂದು ಉಳಿದ ಗೋಡೆ ಅಳೆದು ಫೋಟೊ ತೆಗೆದುಕೊಂಡು ಹೋದರು.

ಆಮೇಲೆ ಮಗನ ಮನೆಗೆ ಹೋದೆವು. ಅಂಗಡಿ ಮೇಲಿನ ಮಹಡಿಯೇ ಅವರ ಮನೆ. ಒಡೆದ ಗೋಡೆಯ ನೇರ ಮೇಲೆ ಅವರ ತಾಯಿಯ ಮಂಚ ಇತ್ತು. 'ಅಪ್ಪ ನಿಮಗೆ ಹೇಳಿರಬಹುದು. ನೀವು ನಮಗೆ ಒಂದು ಮಾತು ಹೇಳಬೇಕಿತ್ತಲ್ಲ?' ಅಂದರು. ನಮ್ಮ ಹತ್ತಿರ ಉತ್ತರ ಇರಲಿಲ್ಲ.

ಲೋಕ ಅದಾಲತ್‌ನಲ್ಲಿ ರಾಜಿಯಾಯಿತು. ಗೋಡೆ ನಮ್ಮ ಖರ್ಚಲ್ಲೇ ಕಟ್ಟಿಸಿ, ಇಂಜಿನಿಯರ್ ಹೇಳಿದ ಜಾಗದಲ್ಲಿ ಲಿಂಟಲ್ ಹಾಕಿ ಒಂದು ಬಾಗಿಲು ಬಿಡುವುದು. ಅದಾಲತ್ತಿನ ರಾಜಿಗೂ ಡಿಕ್ರಿಯಷ್ಟೇ ಬೆಲೆ, ಅದರ ಮೇಲೆ ಅಪೀಲು ಇಲ್ಲ.

ಎರಡನೇ ಮೆಷಿನ್‌ಗೆ ಇಟ್ಟ ದುಡ್ಡು ಇಟ್ಟಿಗೆ ಸಿಮೆಂಟಿಗೆ ಹೋಯಿತು. ನೀವೂ ಬಾಡಿಗೆ ಮಳಿಗೆಯಲ್ಲಿ ಏನಾದರೂ ಬದಲಾಯಿಸುವುದಿದ್ದರೆ, ಏನು ಒಡೀತೀರಿ, ಏನು ಕಟ್ತೀರಿ ಅಂತ ಬರೆದು ಮಾಲೀಕರ ಸಹಿ ಹಾಕಿಸಿಕೊಳ್ಳಿ. ಮಾಲೀಕರು ಬದಲಾದರೆ ಇನ್ನೊಮ್ಮೆ ಹೋಗಿ ಹೇಳಿ. ಜೆರಾಕ್ಸ್ ಅಂಗಡಿ ಇಟ್ಟುಕೊಂಡೂ ಒಂದು ಹಾಳೆ ಬರೆಸಿಕೊಳ್ಳದವರು ನಾವು.