ಬಾಯಿ ಬಿಡಿಸಲು ಹೋದೆವು

ಸಹೋದರಿಯರೇ, ಮನೆಯಲ್ಲಿ ಒಡವೆ ಕಳೆದರೆ ನಿಮ್ಮ ಕಣ್ಣು ಮೊದಲು ಯಾರ ಮೇಲೆ ಹೋಗುತ್ತದೆ? ಗುಬ್ಬಿಯಲ್ಲಿರುವ ನನ್ನ ತಂಗಿಯ ಮನೆಯಲ್ಲಿ ಅದು ಹೊಸ ಸೊಸೆಯ ಮೇಲೆ ಹೋಯಿತು. ಕುಣಿಗಲ್‌ನ ಮದುವೆಯೊಂದನ್ನು ಮುಗಿಸಿ ಬಂದ ಮಾರನೆಯ ದಿನ ಮೂರು ತೊಲೆಯ ಸರ ಕಾಣಲಿಲ್ಲ. ಹಿಪ್ನಾಟಿಸಂ ಮಾಡಿ ನಿಜ ಹೇಳಿಸುವವರೊಬ್ಬರು ಕುಣಿಗಲ್‌ನಲ್ಲಿದ್ದಾರೆಂದು ಯಾರೋ ಹೇಳಿದರು. ತುಮಕೂರಿನಿಂದ ನಾನೂ ಹೋದೆ. ಬೇಡವೆನ್ನಬೇಕಿದ್ದ ಹಿರಿಯಳು ನಾನೇ.

"ಬರುತ್ತೀಯಾ ಬೇಟಿ?" ಎಂದು ಕೇಳಿದ್ದೆವು. "ಆಯ್ತು ಖಾಲಾ" ಅಂದಳು. ಒಲ್ಲೆ ಎಂದಿದ್ದರೆ ಕಳ್ಳಿಯೆಂದೇ ತೀರ್ಮಾನಿಸುತ್ತಿದ್ದೆವು. ಇದನ್ನು ಒಪ್ಪಿಗೆ ಎನ್ನುತ್ತೀರಾ?

ಆತ ಅವಳ ಕಣ್ಣು ಮುಚ್ಚಿಸಿ, ಕೈ ಭಾರವಾಗುತ್ತಿದೆ ಎಂದು ಮೆಲ್ಲಗೆ ಹೇಳುತ್ತಾ ಹೋದರು. ಆಮೇಲೆ, "ಸರ ನಿನ್ನ ಕೈಯಲ್ಲಿದೆ, ಎಲ್ಲಿಡುತ್ತಿದ್ದೀಯ?" ಎಂದರು. ಬಹಳ ಹೊತ್ತಿನ ಮೇಲೆ "ಅಕ್ಕಿ ಡಬ್ಬ" ಅಂದಳು. ಮನೆಗೆ ಬಂದು ಡಬ್ಬ ಸುರಿದೆವು. ಅಕ್ಕಿ ಬಿಟ್ಟು ಬೇರೇನೂ ಇರಲಿಲ್ಲ. ಆದರೆ ತಾನೇ ಇಟ್ಟಿದ್ದೆನೇನೋ ಎಂಬ ಅನುಮಾನ ಆ ಹುಡುಗಿಗೇ ಹುಟ್ಟಿಬಿಟ್ಟಿತ್ತು. ವಾರಗಟ್ಟಲೆ ನಿದ್ದೆ ಮಾಡಲಿಲ್ಲ.

ಕೊನೆಗೆ ತುಮಕೂರಿನ ಮನೋವೈದ್ಯರಿಗೆ ತೋರಿಸಿದೆವು. ಹಿಪ್ನಾಟಿಸಂ ಎಂದರೆ ವಶೀಕರಣವಲ್ಲ, ನಿದ್ದೆಯೂ ಅಲ್ಲ; ಗಮನ ಒಂದೆಡೆ ನಿಂತು, ಹೇಳಿದ ಮಾತು ಮನಸ್ಸಿಗೆ ಸುಲಭವಾಗಿ ಇಳಿಯುವ ಸ್ಥಿತಿ. ಆಗಲೂ ಸುಳ್ಳು ಹೇಳಬಹುದು. ಕೇಳುವವರ ಪ್ರಶ್ನೆಯಿಂದಲೇ ಇಲ್ಲದ ನೆನಪು ಹುಟ್ಟಬಹುದು. ಇಲ್ಲದ ದನಿಗಳು ಕೇಳಿಸುವಂಥ ಕಾಯಿಲೆಯಿದ್ದವರಿಗೆ ಇದರಿಂದ ಹಾನಿಯೂ ಆಗಬಹುದು. ಹಾಗೆಂದು ಇದು ಬರೀ ಮೋಸವಲ್ಲ. ನೋವು, ಹಲ್ಲಿನ ಚಿಕಿತ್ಸೆಯ ಭಯ, ಕೆಲವು ಕರುಳಿನ ತೊಂದರೆಗಳಲ್ಲಿ ತರಬೇತಾದ ವೈದ್ಯರು ಇದನ್ನು ಬಳಸುತ್ತಾರೆ. ಅರಿವಳಿಕೆ ಔಷಧಗಳು ಬರುವ ಮೊದಲೇ, 1845ರಲ್ಲಿ, ಬಂಗಾಳದ ಹೂಗ್ಲಿಯಲ್ಲಿ ಜೇಮ್ಸ್ ಎಸ್ಡೇಲ್ ಎಂಬ ವೈದ್ಯರು ಇದರ ಹಳೆಯ ರೂಪವಾದ ಮೆಸ್ಮರಿಸಂ ಬಳಸಿ ಶಸ್ತ್ರಚಿಕಿತ್ಸೆ ಮಾಡಿದ್ದರು. ಅವರು ನೋವು ತಪ್ಪಿಸಲು ಬಳಸಿದ್ದನ್ನು ನಾವು ಬಾಯಿ ಬಿಡಿಸಲು ಬಳಸಿದೆವು.

ನಮ್ಮ ರಾಜ್ಯದ್ದೇ ಮೊಕದ್ದಮೆಯೊಂದಿದೆ: ಸೆಲ್ವಿ ಮತ್ತು ಕರ್ನಾಟಕ ಸರಕಾರದ ನಡುವಿನದು. ಒಪ್ಪಿಗೆಯಿಲ್ಲದೆ ಯಾರಿಗೂ ಮಂಪರು ಪರೀಕ್ಷೆ ಮಾಡುವಂತಿಲ್ಲವೆಂದು 2010ರ ಮೇ 5ರಂದು ಸುಪ್ರೀಂ ಕೋರ್ಟ್ ಅದರಲ್ಲಿ ತೀರ್ಪು ನೀಡಿತು. ಅದು ಔಷಧ ಚುಚ್ಚಿ ಮಾಡುವ ಪರೀಕ್ಷೆ, ಇದು ಬರೀ ಮಾತು. ಆದರೂ ಪೊಲೀಸರಿಗೇ ಇಲ್ಲದ ಅಧಿಕಾರವನ್ನು ಅತ್ತೆ, ಖಾಲಾ ಎಂಬ ಹೆಸರಿನಲ್ಲಿ ನಾವು ತೆಗೆದುಕೊಂಡಿದ್ದೆವು.

ಚಿಕಿತ್ಸೆಗೆಂದು ನೀವು ಯಾರ ಬಳಿಯಾದರೂ ಹೋಗುವುದಾದರೆ ಅವರ ಓದು ಏನೆಂದು ಕೇಳಿ. ನಿಮ್ಮ ಕಡೆಯ ಹೆಂಗಸೊಬ್ಬಳನ್ನು ಹೊರಗೆ ಕೂರಿಸಿ ಬಾಗಿಲು ಹಾಕುವುದಾದರೆ ಎದ್ದು ಬನ್ನಿ.

ಸರ ಇಂದಿಗೂ ಸಿಕ್ಕಿಲ್ಲ. ಕಳೆದ ಈದ್‌ಗೆ ಗುಬ್ಬಿಗೆ ಹೋದಾಗ ಅವಳಲ್ಲಿ ಕ್ಷಮೆ ಕೇಳಿದೆ. "ಬಿಡಿ ಖಾಲಾ" ಎಂದು ಶೀರ್ ಕುರ್ಮಾ ಕೊಟ್ಟಳು. ಅಕ್ಕಿ ತೆಗೆಯಲು ಮಾತ್ರ ಈಗಲೂ ಅತ್ತೆಯನ್ನೇ ಕರೆಯುತ್ತಾಳೆ.