ತಂತಿಗಿ ತಂತಿ ಓ ಅನ್ನೋ ಸಾಲಿ

ಈಗಿನ ಮಕ್ಕಳಿಗಿ ಮಂತ್ರದ ಸಾಲಿ ಅಂದ್ರ ಭಾಳ ಹುಚ್ಚು. ಟೀವ್ಯಾಗ ನೋಡ್ತಾವ, ಆಮ್ಯಾಲ ಕೈಯಾಗ ಕೋಲ ಹಿಡಕೊಂಡು ಮನಿತುಂಬ ಓಡ್ಯಾಡ್ತಾವ. ನಮ್ಮ ಮೊಮ್ಮಕ್ಕಳು ರಜಾದಾಗ ತಮ್ಮದೇ ಒಂದ ಸಾಲಿ ಕಟ್ಟಿದ್ವು. ಅದರಾಗ ಕೋಲಿಲ್ಲ, ಬರೇ ದನಿ. ಸರಿಯಾದ ಸ್ವರ ಹಿಡದ್ರ ಬಾಗಿಲ ತೆರೀಬೇಕು, ದೀಪ ಹತ್ತಬೇಕು. "ಆಯಿ, ಇಂಥ ಸಾಲಿ ಖರೇನೇ ಎಲ್ಲೆರ ಅದ ಏನು?" ಅಂತ ಕೇಳಿದ್ವು. ಅದ, ಗದಗಿನ್ಯಾಗ ಅದ ಅಂದೆ. ಅವು ನಕ್ಕವು. ಆದ್ರ ನಾ ಚ್ಯಾಷ್ಟಿಗಿ ಹೇಳಿದ್ದಲ್ಲ.

ದನಿಗಿ ದನಿ ಓ ಅನ್ನೋದು ನಮಗೇನು ಹೊಸಾದಲ್ರಿ. ಬೀದ್ಯಾಗ ಲಾರಿ ಹಾದು ಹೋದ್ರ, ಹತ್ತ ತಾಟಿನ್ಯಾಗ ಒಂದ ತಾಟ ಮಾತ್ರ ಗಲಗಲ ಅಂತದ. ಲಾರಿ ದನಿ ಆ ಒಂದಕ್ಕ ಕೂಡ್ತದ, ಉಳಿದ ಒಂಬತ್ತಕ್ಕ ಕೂಡಂಗಿಲ್ಲ. ಖಾಲಿ ಕೊಡದ ಬಾಯಿ ಹತ್ರ ಬಾಯಿ ಇಟ್ಟು ಹೂಂ ಅಂತ ದನಿ ಏರಿಸ್ಕೋತ ಹೋಗ್ರಿ, ಒಂದ ಕಡಿ ಬಂದ ಕೂಡ್ಲೆ ಕೊಡಾನೇ ತಿರುಗಿ ಗುಂಯ್ ಅಂತದ. ನಳದ ಕೆಳಗ ಕೊಡ ತುಂಬಿದಂಗ ಒಳಗಿನ ಗಾಳಿ ಜಾಗ ಕಮ್ಮಿ ಆಗಿ ದನಿ ಏರ್ತದ. ಅದಕ್ಕೇ ನಾವು ಒಳಗ ರೊಟ್ಟಿ ಬಡೀತಿದ್ರೂ ಹೊರಗ ಕೊಡ ತುಂಬಿದ್ದು ತಿಳೀತದ.

ತಂಬೂರಿಯಾಗ ಇದನ್ನ ಕಣ್ಣಾರೆ ನೋಡಬಹುದು. ಅದಕ್ಕ ನಾಕ ತಂತಿ. ನಡುವಿನ ಎರಡು ಜೋಡ ತಂತಿ ಒಂದೇ ಸ್ವರಕ್ಕ ಕೂಡಬೇಕು. ಒಂದರ ಮ್ಯಾಲ ಸಣ್ಣ ಕಾಗದದ ಚೂರು ಮಡಚಿ ಇಟ್ಟು ಇನ್ನೊಂದನ್ನ ಮೀಟ್ರಿ. ಸ್ವರ ಕೂಡಿದ್ರ ಮುಟ್ಟದಿದ್ದ ತಂತಿ ತಾನಾಗೇ ನಡಗ್ತದ, ಕಾಗದ ಕುಣೀತದ. ಕೂಡಲಿಲ್ಲಂದ್ರ ಕಾಗದ ಸುಮ್ಮ ಕುಂತಿರ್ತದ. ಮಿರಜದಾಗ ಒಣಗಿದ ದೊಡ್ಡ ಬುರುಡಿ ತಗೊಂಡು ತಂಬೂರಿ ಮಾಡ್ತಾರ. ಆ ಬುರುಡಿ ಒಳಗಿನ ಗಾಳಿ ನಡುಗಿ ಸಣ್ಣ ದನಿ ಮನಿ ತುಂಬ್ತದ. ತಂತಿ ಕೆಳಗ ಒಂದೊಂದು ನೂಲಿನ ಎಳಿ ಇಡ್ತಾರ, ಅದಕ್ಕ ಜೀವಾ ಅಂತಾರ. ಆ ಎಳಿ ತೆಗದ್ರ ತಂಬೂರಿ ದನಿ ಸಪ್ಪಗಾಗ್ತದ.

ಗದಗಿನ ವೀರೇಶ್ವರ ಪುಣ್ಯಾಶ್ರಮದ ಕಥಿನೂ ಇಂಥಾದ್ದೇ. ಹಾನಗಲ್ಲ ತಾಲೂಕಿನ ಕಾಡಶೆಟ್ಟಿಹಳ್ಳಿಯಾಗ 1892ರಾಗ ಗದಿಗೆಯ್ಯ ಅಂತ ಕೂಸು ಹುಟ್ಟಿತು, ಕಣ್ಣಿಲ್ಲ. ಅವನ ಅಣ್ಣಗೂ ಕಣ್ಣಿಲ್ಲ. ಆ ಹುಡುಗರು ಹಾಡೋದು ಹಾನಗಲ್ಲ ಕುಮಾರಸ್ವಾಮಿಗಳ ಕಿವಿಗಿ ಬಿತ್ತು. ಅವರು 'ಪಾಪ' ಅಂದು ಮುಂದ ಹೋಗಲಿಲ್ಲ, ಕರಕೊಂಡು ಹೋಗಿ ಸಂಗೀತ ಕಲಿಸಿದ್ರು. ಆ ಗದಿಗೆಯ್ಯನೇ ಪಂಚಾಕ್ಷರಿ ಗವಾಯಿಗಳು. ಅವರು ತಮ್ಮಂಥಾ ಮಕ್ಕಳನ್ನ ಕೂಡಿಸ್ಕೊಂಡು ಊರೂರು ತಿರುಗೋ ಪಾಠಶಾಲಿ ನಡಸಿದ್ರು, ಕಡೀಕ ಗದಗಿನ್ಯಾಗ ನೆಲಿ ನಿಂತ್ರು. ದೇವಗಿರಿಯ ಒಂದು ಕೂಸಿಗಿ ಹಾಲ ಕುಡಿಯೋ ವಯಸ್ಸಿನ್ಯಾಗೇ ಕಣ್ಣ ಹೋದ್ವು. ಸೋದರಮಾವ ಅದನ್ನ ಗವಾಯಿಗಳ ಕೈಯಾಗ ಇಟ್ರು. ಅವರೇ ಪುಟ್ಟರಾಜ ಗವಾಯಿಗಳು. 1944ರಾಗ ಗುರುಗಳು ಲಿಂಗೈಕ್ಯ ಆದ ಮ್ಯಾಲ 2010ರ ತನಕ ಆಶ್ರಮದ ಭಾರ ಅವರೇ ಹೊತ್ರು. ಮಕ್ಕಳ ಊಟಕ್ಕ ನಾಟಕ ಕಂಪನಿ ಕಟ್ಟಿ ರೊಕ್ಕ ತಂದ್ರು. ಜಾತಿ ಕೇಳಲಿಲ್ಲ. ಕಣ್ಣಿದ್ದ ಬಡ ಮಕ್ಕಳಿಗೂ ಜಾಗ ಕೊಟ್ರು. ಬಳ್ಳಾರಿ ಕಡಿಯಿಂದ ಬಂದ ವೆಂಕಟೇಶ ಕುಮಾರ ಅಂಥವರೇ, 2016ರಾಗ ಅವರಿಗಿ ಪದ್ಮಶ್ರೀ ಬಂತು. ನೋಡ್ರಿ, ಒಂದ ತಂತಿ ಮೀಟಿದ್ದಕ್ಕ ಎಷ್ಟ ತಂತಿ ಓ ಅಂದ್ವು!

ಇದೆಲ್ಲಾ ಈಗ ಯಾಕ ಹೇಳ್ತೀನಿ ಅಂದ್ರ, ನಮ್ಮ ಬಳಗದಾಗೂ ಕಣ್ಣಿಲ್ಲದ ಹುಡುಗ ಒಬ್ಬ ಅದಾನ. ಎಂಟ ವರ್ಷ. ಹೆಸರು ಬರೆಯಂಗಿಲ್ಲ, ಓದೋರಿಗಿ ಗೊತ್ತೇ ಅದ. ಚಪ್ಪಲಿ ಸಪ್ಪಳದ ಮ್ಯಾಲ ಬಂದವರು ಯಾರು ಅಂತ ಹೇಳ್ತಾನ. ಸೋಮವಾರ ಭಜನಿಯಾಗ ನಾವು ಪೆಟಿಗಿ ಸ್ವರ ಬಿಟ್ಟು ಕೆಳಗ ಇಳದ್ರ ಮಾರಿ ಸಿಂಡರಿಸ್ತಾನ. ಅವನ ಜೋಡಿ ಹುಡುಗರು ಸಾಲಿಗಿ ಹೋಗ್ತಾರ, ಅವ ಸಂಜಿ ತನಕ ಕಟ್ಟಿ ಮ್ಯಾಲ ಕುಂತಿರ್ತಾನ. ಬಂದ ಮಂದಿ ಅವನ ಕೈಯಾಗ ಬಾಳಿಹಣ್ಣ ಕೊಟ್ಟು ಲೊಚಗುಟ್ಟಿ ಹೋಗ್ತಾರ.

ಅವನ ಅವ್ವ ಅಂತಾಳ, "ಅಕ್ಕಾ, ನನ್ನ ಕಣ್ಣ ಮುಂದೇ ಇರಲಿ. ರಾತ್ರಿ ಎದ್ದು ನೀರ ಬೇಡಿದ್ರ ಅಲ್ಲಿ ಯಾರ ಕೊಡ್ತಾರ?" ಆಕಿ ಅಂಜಿಕಿ ಸುಳ್ಳಲ್ಲ. ಹೆತ್ತವ್ವಗ ಅದು ಇರೋದೇ. ಆದ್ರ ಆಕಿ ಇರೋತನಕ ನೀರ ಸಿಗ್ತದ, ಆಮ್ಯಾಲ? ಇವತ್ತ ತಾನೇ ಎದ್ದು ಕುಡಿಯೋದು ಕಲಿತ್ರ ಅದು ಕಡಿತನಕ ಅವನ ಕೂಡ ಇರ್ತದ. ಮತ್ತ ನಾವೆಲ್ಲಾ ಅವನ್ನ ಪ್ರೀತಿ ಮಾಡ್ತೀವಿ ಖರೇ, ಆದ್ರ ಅವನ ಸ್ವರಕ್ಕ ಕೂಡೋ ತಂತಿ ನಮ್ಮ ಓಣ್ಯಾಗ ಇಲ್ಲ. ಇಲ್ಲಿ ಅವನೊಬ್ಬನೇ ಕಣ್ಣಿಲ್ಲದಾವ. ಅಲ್ಲಿ ಹೋದ್ರ ನೂರರಾಗ ಒಬ್ಬ ಆಗ್ತಾನ.

ಕಣ್ಣಿಲ್ಲದವರೆಲ್ಲಾ ಹಾಡೇಬೇಕು ಅಂತ ನಾ ಅನ್ನಂಗಿಲ್ಲ. ಅವನಿಗಿ ಹಾಡು ಒಗ್ಗಲಿಲ್ಲಂದ್ರ ನಮ್ಮ ಕಲಬುರಗ್ಯಾಗೇ ಅಂಧ ಮಕ್ಕಳ ಸರ್ಕಾರಿ ಸಾಲಿ ಅದ. ಬ್ರೈಲ್ ಅಕ್ಷರ ಬೆರಳಿಲೆ ಓದೋದು ಕಲಸ್ತಾರ. ಮನಿಯಾಗ ಕೂಡಿಸೋದೊಂದು ಬ್ಯಾಡ.

ತಂಗೀ, ನೀ ಇದನ್ನ ಓದ್ತಿ ಅಂತ ಗೊತ್ತದ. ಬಿಟ್ಟು ಬರೋಣ ಅಂತ ನಾ ಹೇಳ್ತಿಲ್ಲ, ಮೊದಲ ಹೋಗಿ ನೋಡಿ ಬರೋಣ. ಮಕ್ಕಳು ಎಲ್ಲಿ ಮಲಗ್ತಾವ, ಏನ ಉಣ್ತಾವ, ಜಡ್ಡಾದ್ರ ಯಾರ ನೋಡ್ತಾರ, ನೀನೇ ಕೇಳು. ಹುಡುಗನ ಕೈ ತಂಬೂರಿ ಬುರುಡಿ ಮ್ಯಾಲ ಇಡಸೋಣ, ಅವನ ಮಾರಿ ನೋಡೋಣ. ಸೀಗಿ ಹುಣ್ಣಿವಿ ಆದ ಮರುವಾರ ನನಗ ಬಿಡುವದ. ರೊಟ್ಟಿ, ಶೇಂಗಾ ಹಿಂಡಿ ಬುತ್ತಿ ನಾ ಕಟ್ಟಿರ್ತೀನಿ.