ಕ್ಯಾಮೆರಾ ಸೀನಿದಾಗ

ಅಮೆರಿಕದ ಮಿಸೌರಿಯ ಬಯಲು. ಮೋಡ ಕವಿದಿದೆ. ಕ್ಯಾಮೆರಾ ಅಲುಗಾಡದೆ ಕಾಯುತ್ತಿದೆ. ಫಳ್ಳನೆ ಮಿಂಚು ಹೊಡೆದಾಗ ಕ್ಯಾಮೆರಾದ ಹಿಂದಿನಿಂದ ಬೆರಗಿನ ಉಸಿರು ಕೇಳುತ್ತದೆ. ಸ್ವಲ್ಪ ಹೊತ್ತಿಗೆ ಕ್ಯಾಮೆರಾ ಹಿಡಿದವರು ಸೀನುತ್ತಾರೆ, ಎರಡು ಸಲ. ತೆರೆಯ ಮೇಲಿನ ಆಕಾಶವೂ ಎರಡು ಸಲ ಕುಲುಕುತ್ತದೆ.

ಯಾವ ಸಂಕಲನಕಾರರಾದರೂ ಮೊದಲು ಕತ್ತರಿಸುವ ತುಣುಕು ಇದು. ಕರ್ಸ್ಟನ್ ಜಾನ್ಸನ್ ಅದನ್ನು ತಮ್ಮ ‘ಕ್ಯಾಮೆರಾಪರ್ಸನ್’ (2016) ಚಿತ್ರದ ಆರಂಭದಲ್ಲೇ ಇಟ್ಟರು. ಸುಮಾರು 25 ವರ್ಷ ಬೇರೆಯವರ ಸಾಕ್ಷ್ಯಚಿತ್ರಗಳಿಗೆ ಕ್ಯಾಮೆರಾ ಹಿಡಿದವರು, ಆ ಚಿತ್ರೀಕರಣಗಳ ತುಣುಕುಗಳನ್ನೇ ಪೋಣಿಸಿ ಆತ್ಮಕಥೆ ಕಟ್ಟಿದರು. ನಿರೂಪಣೆಯ ದನಿಯಿಲ್ಲ, ಊರಿನ ಹೆಸರು ತೆರೆಯ ಮೇಲೆ ಬರುತ್ತದೆ, ಅಷ್ಟೆ.

ಜಾನ್ಸನ್ ಛಾಯಾಗ್ರಹಣ ಕಲಿತದ್ದು ಪ್ಯಾರಿಸ್ಸಿನ ಲಾ ಫೆಮಿಸ್ ಚಲನಚಿತ್ರ ಶಾಲೆಯಲ್ಲಿ. ‘ದಿ ಓತ್’ ಚಿತ್ರಕ್ಕಾಗಿ 2010ರ ಸನ್‌ಡಾನ್ಸ್ ಉತ್ಸವದಲ್ಲಿ ನಿರ್ದೇಶಕಿ ಲಾರಾ ಪೋಯಿಟ್ರಸ್ ಜತೆ ಛಾಯಾಗ್ರಹಣ ಪ್ರಶಸ್ತಿ ಪಡೆದರು. ಆಸ್ಕರ್ ಗೆದ್ದ ‘ಸಿಟಿಜನ್‌ಫೋರ್’ನಲ್ಲೂ ಅವರ ಕೈಯಿದೆ. ಆದರೆ ಈ ಕಸುಬಿನ ರುಚಿ ಹತ್ತಬೇಕಾದರೆ ‘ಕ್ಯಾಮೆರಾಪರ್ಸನ್’ನಲ್ಲಿರುವ ಬೋಸ್ನಿಯಾದ ಒಂದು ಶಾಟ್ ನೋಡಬೇಕು. ಕ್ಯಾಮೆರಾದ ಹಿಂದಿನಿಂದ ಒಂದು ಕೈ ಚಾಚಿಕೊಂಡು ಬಂದು, ಲೆನ್ಸಿಗೆ ಅಡ್ಡವಾದ ಹುಲ್ಲನ್ನು ಕಿತ್ತು ಮರೆಯಾಗುತ್ತದೆ. ಇದ್ದದ್ದನ್ನು ಇದ್ದ ಹಾಗೇ ತೋರಿಸುತ್ತದೆಂದು ನಾವು ನಂಬುವ ಚಿತ್ರದಲ್ಲೂ ಯಾವ ಹುಲ್ಲು ಇರಲಿ, ಯಾವುದು ಬೇಡ ಎಂದು ಯಾರೋ ತೀರ್ಮಾನಿಸಿರುತ್ತಾರೆ.

ಅದೇ ಬೋಸ್ನಿಯಾದ ಫೋಚಾದಲ್ಲಿ ಪುಟ್ಟ ಮಗುವೊಂದು ಕೊಡಲಿ ಹಿಡಿದು ಆಡುತ್ತಿದೆ. ಕ್ಯಾಮೆರಾ ನಿಲ್ಲುವುದಿಲ್ಲ, ಹಿಂದೆ ಇರುವವರ ಗಾಬರಿಯ ಉದ್ಗಾರವಷ್ಟೇ ಕೇಳುತ್ತದೆ. ಮಗುವಿಗೆ ಏನೂ ಆಗುವುದಿಲ್ಲ, ಆದರೂ ನೋಡುವವರಿಗೆ ಜೀವ ಬಾಯಿಗೆ ಬಂದಂತಾಗುತ್ತದೆ. ಕ್ಯಾಮೆರಾ ಕೆಳಗಿಟ್ಟು ಓಡಬೇಕೆ, ಹಿಡಿದೇ ಇರಬೇಕೆ? ಆ ತಳಮಳವನ್ನು ಧ್ವನಿಪಟ್ಟಿಯಿಂದ ಅಳಿಸುವುದು ಬಲು ಸುಲಭವಿತ್ತು. ಜಾನ್ಸನ್ ಅದನ್ನು ಉಳಿಸಿಕೊಂಡರು. ಈ ಚಿತ್ರ ದೊಡ್ಡದಾಗುವುದು ಇಲ್ಲಿಯೇ.

ಇನ್ನೊಂದು ತುಣುಕಿನಲ್ಲಿ, ನ್ಯೂಯಾರ್ಕಿನ ರಸ್ತೆ ದಾಟುವಾಗ ತತ್ತ್ವಜ್ಞಾನಿ ಜಾಕ್ ದೆರಿದಾ ಕ್ಯಾಮೆರಾ ಹಿಡಿದ ಜಾನ್ಸನ್‌ರನ್ನು ತೋರಿಸಿ ನಗೆಯಾಡುತ್ತಾರೆ: ಎಲ್ಲವನ್ನೂ ನೋಡುವ ಈಕೆಗೆ ಕಣ್ಣೇ ಕಾಣದು, ನಕ್ಷತ್ರ ನೋಡುತ್ತ ಬಾವಿಗೆ ಬಿದ್ದ ತತ್ತ್ವಜ್ಞಾನಿಯ ಹಾಗೆ! ವ್ಯೂಫೈಂಡರಿಗೆ ಕಣ್ಣಿಟ್ಟು ರಸ್ತೆಯಲ್ಲಿ ನಡೆದ ಯಾರೇ ಆದರೂ ಈ ಮಾತಿಗೆ ತಲೆದೂಗಿಯಾರು.

ಊರೂರಿನ ಮುಖಗಳನ್ನು ಚಿತ್ರಿಸಿದ ಜಾನ್ಸನ್ ಬಳಿ ಸ್ವಂತ ತಾಯಿಯ ಚಿತ್ರಿಕೆ ಮಾತ್ರ ಕಡಿಮೆ. ಇದ್ದದ್ದೂ ಆಲ್‌ಝೈಮರ್ ಆವರಿಸಿದ ಮೇಲಿನದು. ತಂದೆಗೂ ಮರೆವು ಶುರುವಾದಾಗ ಜಾನ್ಸನ್ ತಡಮಾಡಲಿಲ್ಲ. ಸ್ಟಂಟ್ ಕಲಾವಿದರನ್ನು ಕರೆಸಿ, ತಂದೆಯ ಸಾವನ್ನು ಬಗೆಬಗೆಯಾಗಿ ಅಭಿನಯ ಮಾಡಿಸಿ ಚಿತ್ರೀಕರಿಸಿದರು. ಆ ಚಿತ್ರ ‘ಡಿಕ್ ಜಾನ್ಸನ್ ಈಸ್ ಡೆಡ್’ 2020ರಲ್ಲಿ ಬಂತು. ಮನೋವೈದ್ಯರಾಗಿದ್ದ ಡಿಕ್ ತಮ್ಮ ಅಷ್ಟೂ ಸಾವುಗಳಿಗೆ ನಗುನಗುತ್ತಲೇ ಒಪ್ಪಿದ್ದರು.